ಮಗು ಬಿದ್ದರೆ ಮೊದಲು ಎಕ್ಸ್‌ರೇ ಮಾಡಿಸಿ

ಪ್ರೀತಿಯ ಪೋಷಕರೇ, ನಮಸ್ಕಾರ.

ಹೋದ ತಿಂಗಳು ನಮ್ಮ ಶಾಲೆಯ ಹುಡುಗನೊಬ್ಬ ಹುಣಸೆ ಮರದಿಂದ ಬಿದ್ದ. ಮರುದಿನ ಬೆಳಿಗ್ಗೆ ಮನೆಯವರು ಊರಲ್ಲೇ ಕಟ್ಟು ಹಾಕಿಸಿ ಶಾಲೆಗೆ ಕಳಿಸಿದ್ದರು. ಮುಂಗೈಗೆ ಬಿದಿರಿನ ಸೀಳು, ಅದರ ಮೇಲೆ ಬಿಗಿಯಾಗಿ ಸುತ್ತಿದ ಬಟ್ಟೆ. ಪೆನ್ಸಿಲ್ ಹಿಡಿಯೋಕೆ ಆಗ್ತಿಲ್ಲ ಅಂದ. ಬೆರಳು ಮುಟ್ಟಿ ನೋಡಿದೆ, ತಣ್ಣಗಿದ್ದವು, ಉಗುರು ನೀಲಿಗಟ್ಟಿತ್ತು. ಕೂಡಲೇ ಕಟ್ಟು ಸಡಿಲ ಮಾಡಿ, ಅವನ ತಾಯಿಗೆ ಫೋನ್ ಮಾಡಿ, ಬಾಗಲಕೋಟೆಯ ಆಸ್ಪತ್ರೆಗೆ ಕರೆದುಕೊಂಡು ಹೋದೆವು. ಈಗ ಹುಡುಗ ಆರಾಮಾಗಿದ್ದಾನೆ. ಆದರೆ ಇನ್ನು ನಾಲ್ಕು ತಾಸು ಹಾಗೇ ಬಿಟ್ಟಿದ್ದರೆ ಕೈಯ ಗತಿ ಏನಾಗುತ್ತಿತ್ತೋ ಅಂತ ನೆನೆದರೆ ಇವತ್ತಿಗೂ ಎದೆ ಝಲ್ ಅನ್ನುತ್ತದೆ.

ಹಸಿ ಬೇವಿನ ಕಡ್ಡಿ ಬಗ್ಗಿಸಿ ನೋಡಿ. ಒಂದು ಬದಿ ಸೀಳುತ್ತದೆ, ಇನ್ನೊಂದು ಬದಿ ಹಾಗೇ ಹಿಡಿದುಕೊಂಡಿರುತ್ತದೆ, ಅಲ್ವಾ? ಮಕ್ಕಳ ಎಲುಬು ಎಷ್ಟೋ ಸಲ ಹೀಗೇ ಮುರಿಯುತ್ತದೆ. ಹೊರಗೆ ಬರೀ ಬಾವು ಕಾಣುತ್ತದೆ, ಉಳುಕಿರಬೇಕು ಅಂತ ನಾವು ಸುಮ್ನೆ ಎಣ್ಣೆ ತಿಕ್ಕುತ್ತೇವೆ. ತೋಳು, ತೊಡೆ, ಕಾಲಿನ ಉದ್ದ ಎಲುಬುಗಳ ತುದಿಯ ಹತ್ತಿರ ಮೆತ್ತನೆಯ ಒಂದು ಪಟ್ಟಿ ಇರುತ್ತದೆ, ಮಕ್ಕಳು ಎತ್ತರ ಆಗೋದೇ ಅಲ್ಲಿಂದ, ಅದಕ್ಕೆ ಏಟು ಬಿದ್ದು ಸರಿಯಾಗಿ ಕೂಡದಿದ್ದರೆ ಕೈಕಾಲು ಡೊಂಕಾಗಿ ಇಲ್ಲವೇ ಗಿಡ್ಡವಾಗಿ ಬೆಳೆಯಬಹುದು. ಹೈಸ್ಕೂಲು ಮುಗಿಯುವವರೆಗೂ ಹೆಚ್ಚಿನ ಮಕ್ಕಳಲ್ಲಿ ಈ ಪಟ್ಟಿ ಪೂರ್ತಿ ಗಟ್ಟಿಯಾಗಿರುವುದಿಲ್ಲ. ಅದಕ್ಕೇ ಕೈಮುಗಿದು ಕೇಳುತ್ತೇನೆ, ಮೊದಲು ಎಕ್ಸ್‌ರೇ, ಆಮೇಲೆ ಉಳಿದದ್ದು.

ಈ ವಾರ ಆರು ಮತ್ತು ಏಳನೇ ತರಗತಿಗೆ ಎಲುಬಿನ ಪಾಠ ಇಟ್ಟಿದ್ದೇವೆ. ಹುಟ್ಟಿದ ಕೂಸಿಗೆ ಸುಮಾರು 300 ಎಲುಬು, ಬೆಳೆಯುತ್ತಾ ಕೆಲವು ಒಂದಕ್ಕೊಂದು ಕೂಡಿ 206 ಆಗುತ್ತವೆ. ಉದ್ದ ಎಲುಬು ಭಾರ ಹೊರುತ್ತವೆ. ಮಣಿಕಟ್ಟಿನಲ್ಲಿ ಎಂಟು ಗಿಡ್ಡ ಎಲುಬುಗಳಿವೆ, ರೊಟ್ಟಿ ಬಡಿಯುವಾಗ ಕೈ ಅಷ್ಟು ಸಲೀಸಾಗಿ ತಿರುಗುವುದರಲ್ಲಿ ಅವುಗಳ ಪಾಲು ದೊಡ್ಡದು. ತಲೆಬುರುಡೆ, ಎದೆಯದು ಚಪ್ಪಟೆ ಎಲುಬು. ಅವು ಮೆದುಳು, ಹೃದಯ ಕಾಯುತ್ತವೆ, ಒಳಗಿನ ಕೆಂಪು ಮಜ್ಜೆಯಲ್ಲಿ ರಕ್ತವೂ ತಯಾರಾಗುತ್ತದೆ. ಬೆನ್ನೆಲುಬಿನ ಮಣಿಗಳದ್ದು ಅಡ್ಡಾದಿಡ್ಡಿ ಆಕಾರ. ಮೊಣಕಾಲಿನ ಚಿಪ್ಪು ಸ್ನಾಯುವಿನ ಹುರಿಯೊಳಗೇ ಕೂತಿರುವ ಎಲುಬು. ಇನ್ನು ಕಿವಿಯೊಳಗೆ ಮೂರು ಮಿಲಿಮೀಟರಿನಷ್ಟು ಉದ್ದದ ಒಂದು ಎಲುಬಿದೆ, ನಮ್ಮ ಮೈಯಲ್ಲಿ ಎಲ್ಲಕ್ಕಿಂತ ಸಣ್ಣದು. ಜೋಳದ ಕಾಳು ಪಕ್ಕಕ್ಕಿಟ್ಟು ತೋರಿಸಿದಾಗ ಮಕ್ಕಳು ಮುಗಿಬಿದ್ದು ನೋಡಿದರು.

ಮಕ್ಕಳು ಕೋಳಿಕಾಲಿನ ಎಲುಬು ಕೇಳಿದರೆ ಗಾಬರಿ ಆಗಬೇಡಿ, ನಾನೇ ಹೇಳಿದ್ದು. ಚೆನ್ನಾಗಿ ತೊಳೆದು ಕಳಿಸಿ. ಮಾಂಸ ತಿನ್ನದ ಮನೆಯವರು ಏನೂ ಕಳಿಸಬೇಕಿಲ್ಲ. ಅದನ್ನು ವಿನೆಗರ್‌ನಲ್ಲಿ ಕೆಲವು ದಿನ ನೆನೆಸಿಟ್ಟರೆ ಕ್ಯಾಲ್ಸಿಯಂ ಕರಗಿ ಎಲುಬು ರಬ್ಬರಿನ ಹಾಗೆ ಬಾಗುತ್ತದೆ. ಹೋದ ವರ್ಷ ಒಬ್ಬ ಹುಡುಗಿ ಅದನ್ನು ಬಗ್ಗಿಸಿ ನೋಡಿ, ನಾಳೆಯಿಂದ ಹಾಲು ಬಿಡಲ್ಲ ಟೀಚರ್ ಅಂದಳು.

ಹಾಲು ಸಿಗದ ಮನೆಯಲ್ಲಿ ಎಳ್ಳು ಹಚ್ಚಿದ ಸಜ್ಜೆ ರೊಟ್ಟಿ, ಸೊಪ್ಪಿನ ಪಲ್ಯ, ಮೊಸರು ಜಾಸ್ತಿ ಕೊಡಿ. ಸಂಜೆ ಆಡೋಕೆ ಬಿಡಿ, ಓಡಿ ಜಿಗಿದಷ್ಟೂ ಎಲುಬು ಗಟ್ಟಿಯಾಗುತ್ತದೆ. ಬೀಳುತ್ತಾರೆ ಅಂತ ಕಟ್ಟಿಹಾಕಬೇಡಿ. ಬಿದ್ದ ಮೇಲೆ ಬಾವು ಇಳಿಯದಿದ್ದರೆ, ಕೈಕಾಲು ಊರಲು ಆಗದಿದ್ದರೆ, ನೋವಿದ್ದ ಜಾಗ ಅಲುಗದ ಹಾಗೆ ಸಡಿಲವಾಗಿ ಆಸರೆ ಕೊಟ್ಟು ಆಸ್ಪತ್ರೆಗೆ ಹೊರಡಿ. ಗಾಡಿ ಸಿಗದಿದ್ದರೆ ರಾತ್ರಿ ಎಷ್ಟೇ ಹೊತ್ತಾಗಿರಲಿ, ನನಗೆ ಫೋನ್ ಮಾಡಿ.

ನಿಮ್ಮ,
ಮುಖ್ಯೋಪಾಧ್ಯಾಯಿನಿ