ಬಿ ರಿಪೋರ್ಟ್ ಬಿದ್ದ ಮಾತ್ರಕ್ಕೆ ಕೇಸು ಮುಗಿಯಲಿಲ್ಲ

ಮಾನ್ಯ ಸಂಪಾದಕರೇ,

ಖಾತೆಗೆ ನಕಲಿ ಸಹಿ, ಬದು ಒತ್ತಿದ್ದಕ್ಕೆ ಹೊಡೆದಾಟ, ಚೀಟಿ ದುಡ್ಡಿನ ಮೋಸ. ಮಂಡ್ಯ ಸೀಮೆಯ ಇಂಥ ದೂರುಗಳಿಗೆ ಪೊಲೀಸರು ಬಿ ರಿಪೋರ್ಟ್, ಅಂದರೆ ಕೇಸು ಮುಂದುವರಿಸಲು ಪುರಾವೆಯಿಲ್ಲ ಎಂದು ಕೋರ್ಟಿಗೆ ಕೊಡುವ ಮುಕ್ತಾಯದ ವರದಿ, ಹಾಕಿದರೆ ಕೆಲವರು ಕೈಚೆಲ್ಲಿ ಕೂರುತ್ತಾರೆ, ಕೆಲವರು ಅದೇ ದೂರನ್ನು ಹೊಸ ಹಾಳೆಗಿಳಿಸಿ ಮತ್ತೆ ಹಾಕುತ್ತಾರೆ. ಎರಡೂ ತಪ್ಪು. ದೂರು ಯಾವ ಹಂತದಲ್ಲಿ, ಯಾವ ಲೋಪದಿಂದ ಬಿತ್ತು ಎಂದು ಮೊದಲು ನೋಡಬೇಕು. ಅದು ತಿಳಿಯುವುದು ಆರ್ಡರ್ ಶೀಟಿನಿಂದ, ಅಂದರೆ ಪ್ರತಿ ದಿನಾಂಕದಂದು ಕೋರ್ಟಿನಲ್ಲಿ ಏನಾಯಿತೆಂದು ಬರೆದಿಡುವ ಹಾಳೆಯಿಂದ. ಕೊನೆಯ ಆದೇಶದ ನಕಲೊಂದೇ ಸಾಲದು. ಮೊದಲ ದಿನದಿಂದ ಆರ್ಡರ್ ಶೀಟು, ಪ್ರಮಾಣ ಹೇಳಿಕೆ (ದೂರುದಾರರು ಮ್ಯಾಜಿಸ್ಟ್ರೇಟರ ಮುಂದೆ ಪ್ರಮಾಣ ಮಾಡಿ ಹೇಳಿದ್ದು), ನೋಟಿಸ್ ಜಾರಿಯ ವರದಿ ಎಲ್ಲಕ್ಕೂ ನಕಲು ಅರ್ಜಿ ಹಾಕಬೇಕು.

ಬಿ ರಿಪೋರ್ಟ್ ಒಪ್ಪುವ ಮುನ್ನ ದೂರುದಾರರಿಗೆ ನೋಟಿಸ್ ಕೊಟ್ಟು ಅವರ ಮಾತು ಕೇಳಬೇಕೆಂದು ಸುಪ್ರೀಂ ಕೋರ್ಟ್ 1985ರಲ್ಲೇ ಹೇಳಿದೆ. ಠಾಣೆಯಿಂದ ಬಂದ ಹಿಂಬರಹ (ಪೊಲೀಸರು ಬರೆದು ಕೊಡುವ ಉತ್ತರ) ಆ ನೋಟಿಸಿಗೆ ಬದಲಿಯಲ್ಲ. ಊರು ಬಿಟ್ಟು ಮೈಸೂರಿಗೋ ಬೆಂಗಳೂರಿಗೋ ಹೋದವರ ಹಳೇ ವಿಳಾಸಕ್ಕೆ ನೋಟಿಸ್ ಹೋಗಿ, 'ದೂರುದಾರರು ಗೈರು' ಎಂದು ಬರೆದು ವರದಿ ಒಪ್ಪಿಬಿಡುವುದುಂಟು. ಜಾರಿ ವರದಿಯಲ್ಲಿರುವ ಸಹಿ ಯಾರದೆಂದು ನೋಡಿದರೆ ಅರ್ಧ ಕೆಲಸ ಮುಗಿಯಿತು.

ನೋಟಿಸ್ ಬಂದರೆ ತಕರಾರು ಅರ್ಜಿ ಹಾಕಬೇಕು. ಹೆಚ್ಚಿನ ಅರ್ಜಿಗಳು ಸೋಲುವುದು ಇಲ್ಲೇ. 'ತನಿಖಾಧಿಕಾರಿ ಎದುರಾಳಿ ಕಡೆ ಸೇರಿಕೊಂಡರು' ಎಂದು ಎರಡು ಪುಟ ಬೈದರೆ ಕೋರ್ಟಿಗೆ ಅದು ದೂರು ಎನಿಸುವುದಿಲ್ಲ. ಯಾರು, ಯಾವ ದಿನ, ಏನು ಮಾಡಿದರು, ಸಾಕ್ಷಿಗಳು ಯಾರು, ದಾಖಲೆ ಯಾವುದು, ಯಾವ ಸಾಕ್ಷಿಯನ್ನು ಪೊಲೀಸರು ಕೇಳಲೇ ಇಲ್ಲ ಎಂಬುದೆಲ್ಲ ಅದರಲ್ಲಿರಬೇಕು. ಇನ್ನೊಂದು ಎಚ್ಚರಿಕೆ: ಬಿ ರಿಪೋರ್ಟನ್ನು ಕಾರಣ ಕೊಟ್ಟು ತಿರಸ್ಕರಿಸದೆ ನೇರವಾಗಿ ಪ್ರಮಾಣ ಹೇಳಿಕೆ ಪಡೆದು ಸಮನ್ಸ್ ಹೊರಡಿಸಿದರೆ, ಆರೋಪಿ ಹೈಕೋರ್ಟಿಗೆ ಹೋಗಿ ಅದನ್ನು ರದ್ದು ಮಾಡಿಸಬಹುದು. ಈ ಕ್ರಮವನ್ನು ನಮ್ಮ ಹೈಕೋರ್ಟ್ 2018ರಲ್ಲಿ ಬಿಡಿಸಿ ಹೇಳಿದೆ. ನಮ್ಮ ಪರವಾದ ಲೋಪ ಎಂದು ಸುಮ್ಮನಿದ್ದವರಿಗೆ ಕೊನೆಗೆ ಅದೇ ಮುಳ್ಳು.

ಮ್ಯಾಜಿಸ್ಟ್ರೇಟರಿಗೆ ನೇರವಾಗಿ ಕೊಟ್ಟ ಖಾಸಗಿ ದೂರು (ಪಿಸಿಆರ್) ವಜಾ ಆದಾಗ ನೋಡಬೇಕಾದದ್ದು ಬೇರೆ. ಕ್ರಿಮಿನಲ್ ಕೇಸು ನಡೆಸುವ ಕ್ರಮ ಹೇಳುವ ಈಗಿನ ಕಾನೂನು, ನಾಗರಿಕ ಸುರಕ್ಷಾ ಸಂಹಿತೆಯ 226ನೇ ಕಲಂ, ಹಳೆಯ ಸಿಆರ್‌ಪಿಸಿಯಲ್ಲಿ 203, ವಜಾಕ್ಕೆ ಕಾರಣಗಳನ್ನು ಸಂಕ್ಷೇಪವಾಗಿಯಾದರೂ ಬರೆಯಲೇಬೇಕು ಎನ್ನುತ್ತದೆ. 'ದಾಖಲೆ ಪರಿಶೀಲಿಸಿದೆ, ಹುರುಳಿಲ್ಲ' ಎಂಬ ಒಂದು ಸಾಲು ಕಾರಣವಲ್ಲ. ಹಾಜರಿದ್ದ ಸಾಕ್ಷಿಯನ್ನು ಕೇಳದೆ ಬಿಟ್ಟಿದ್ದರೆ, ಶಿಕ್ಷೆಗೆ ಸಾಲುವ ಪುರಾವೆ ಇಲ್ಲವೆಂದು ಈ ಹಂತದಲ್ಲೇ ತೂಗಿದ್ದರೆ, ಅವೂ ಲೋಪಗಳೇ. ಇಲ್ಲಿ ಕೇಳಬೇಕಾದ ಪ್ರಶ್ನೆ ಮುಂದುವರಿಯಲು ಸಾಕಷ್ಟು ಆಧಾರ ಇದೆಯೇ ಎಂಬುದಷ್ಟೆ.

ಇಂಥ ಆದೇಶದ ವಿರುದ್ಧ ಸೆಷನ್ಸ್ ಕೋರ್ಟಿಗೆ ಕ್ರಿಮಿನಲ್ ರಿವಿಷನ್ (ಕೆಳಗಿನ ಕೋರ್ಟಿನ ಆದೇಶ ಸರಿಯೇ ಎಂದು ಪರಿಶೀಲಿಸಲು ಕೋರುವ ಅರ್ಜಿ) ಹಾಕಲು 90 ದಿನ ಕಾಲಾವಕಾಶ. ನಕಲು ಸಿಗಲು ಹಿಡಿದ ದಿನಗಳನ್ನು ಅದರಲ್ಲಿ ಕಳೆಯಬಹುದು. ನಕಲು ಅರ್ಜಿಯನ್ನೇ ತಡವಾಗಿ ಹಾಕಿದರೆ ಆ ದಿನಗಳು ಸಿಗವು. ರಿವಿಷನ್‌ನಲ್ಲಿ ಸರ್ಕಾರವನ್ನಷ್ಟೇ ಎದುರುದಾರರನ್ನಾಗಿ ಮಾಡಿ ಆರೋಪಿಯನ್ನು ಬಿಡುವುದು ಸಾಮಾನ್ಯ ತಪ್ಪು. ಕೆಳಗಿನ ಕೋರ್ಟಿನಲ್ಲಿ ಅವರಿಗೆ ಸಮನ್ಸೇ ಹೋಗಿರದಿದ್ದರೂ ಇಲ್ಲಿ ಅವರ ಮಾತು ಕೇಳಲೇಬೇಕು; ಇಲ್ಲದಿದ್ದರೆ ಗೆದ್ದ ಆದೇಶ ಮೇಲೆ ನಿಲ್ಲದು. ಲೋಪ ಕಂಡರೆ ಸೆಷನ್ಸ್ ನ್ಯಾಯಾಧೀಶರು ಮತ್ತೆ ವಿಚಾರಿಸಿ ಎಂದು ವಾಪಸ್ ಕಳಿಸಬಹುದು. ಅಲ್ಲಿ ಸೋತರೆ ಅದೇ ವ್ಯಕ್ತಿ ಇನ್ನೊಂದು ರಿವಿಷನ್ ಹಾಕುವಂತಿಲ್ಲ, ಹಾಗಾಗಿ ಮೊದಲ ಅರ್ಜಿಯನ್ನೇ ಸರಿಯಾಗಿ ಕಟ್ಟಬೇಕು. ತನ್ನ ವಜಾ ಆದೇಶವನ್ನು ತಾನೇ ಹಿಂಪಡೆಯುವ ಅಧಿಕಾರ ಮ್ಯಾಜಿಸ್ಟ್ರೇಟರಿಗಿಲ್ಲ, 'ರೀಕಾಲ್' ಅರ್ಜಿ ಹಾಕಿಸಿ ತಿಂಗಳು ಕಳೆಯುವುದು ವ್ಯರ್ಥ. ಎರಡನೇ ದೂರಿಗೆ ಅವಕಾಶ ತೀರಾ ಅಪರೂಪ. ಆಗ ಸಿಕ್ಕಿರದ ಹೊಸ ಪುರಾವೆಯಂಥದ್ದು ಕೈಯಲ್ಲಿರಬೇಕು.

ಮಹಿಳೆಯರಿಗೆ, ಪರಿಶಿಷ್ಟ ಜಾತಿ-ಪಂಗಡದವರಿಗೆ ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರ ಆದಾಯ ನೋಡದೆ ಉಚಿತ ವಕೀಲರನ್ನು ಕೊಡುತ್ತದೆ. ಬಿ ರಿಪೋರ್ಟ್ ನೋಟಿಸಿನ ಕೆಳಗೆ 'ತಕರಾರು ಇದ್ದರೆ ಈ ದಿನಾಂಕದಂದು ಹಾಜರಾಗಿ. ವಕೀಲರಿಲ್ಲದಿದ್ದರೆ ಪ್ರಾಧಿಕಾರದ ಕಚೇರಿಗೆ ಬನ್ನಿ' ಎಂದು ದಪ್ಪ ಕನ್ನಡ ಅಕ್ಷರದಲ್ಲಿ ಎರಡು ಸಾಲು ಅಚ್ಚು ಹಾಕಿಸಲು ಸಂಬಂಧಪಟ್ಟವರು ಮುಂದಾಗಲಿ.

ಇತಿ,
ಒಬ್ಬ ವಕೀಲ, ಮಂಡ್ಯ