ಗಿರಾಕಿಗಳ ಪಾಸ್‌ವರ್ಡ್ ನೋಟ್‌ಪ್ಯಾಡಿನಲ್ಲಿ ಬೇಡ

ಮಾನ್ಯ ಸಂಪಾದಕರೇ,

ವಿದ್ಯಾರ್ಥಿವೇತನ, ಸೇವಾಸಿಂಧು, ಆದಾಯ ತೆರಿಗೆ ಎಂದು ನಮ್ಮ ಹಾಸನ, ಬೇಲೂರು, ಸಕಲೇಶಪುರದ ಸೈಬರ್ ಸೆಂಟರ್‌ಗಳಿಗೆ ಬರುವವರು ತಮ್ಮ ಪಾಸ್‌ವರ್ಡನ್ನು ಅಂಗಡಿಯಲ್ಲೇ ಬಿಟ್ಟುಹೋಗುವುದುಂಟು. ಮುಂದಿನ ವರ್ಷಕ್ಕೆ ಅವರಿಗದು ನೆನಪಿರುವುದಿಲ್ಲ, ಬರೆದಿಟ್ಟುಕೊಳ್ಳುವುದು ಉಪಕಾರವೇ. ಆದರೆ ಅದನ್ನು ಡೆಸ್ಕ್‌ಟಾಪಿನಲ್ಲಿ ‘ಪಾಸ್‌ವರ್ಡ್’ ಎಂದೇ ಹೆಸರಿಟ್ಟ ನೋಟ್‌ಪ್ಯಾಡ್ ಫೈಲಿನಲ್ಲಿ ಇಡುವುದು ದೊಡ್ಡ ಅಪಾಯ.

ರೆಡ್‌ಲೈನ್‌ನಂಥ ಕಳ್ಳ ತಂತ್ರಾಂಶಗಳು ಡೆಸ್ಕ್‌ಟಾಪ್, ಡಾಕ್ಯುಮೆಂಟ್ಸ್ ಫೋಲ್ಡರ್‌ಗಳಲ್ಲಿ ಇಂಥ ಹೆಸರಿನ ಫೈಲುಗಳನ್ನೇ ಹುಡುಕಿ ಸಾಗಿಸಬಲ್ಲವು. ಕ್ರ್ಯಾಕ್ ಮಾಡಿದ ಫೋಟೋಶಾಪ್ ಜೊತೆಗೇ ಅವು ಒಳಬರಬಹುದು. ವಿಂಡೋಸ್‌ಗೆ ಪಾಸ್‌ವರ್ಡ್ ಇದೆಯೆಂದು ನಂಬಿ ಕೂರುವಂತಿಲ್ಲ: ಡಿಸ್ಕಿನ ಮಾಹಿತಿಯನ್ನು ಗೂಢಲಿಪಿಗೆ ಬದಲಿಸುವ ಬಿಟ್‌ಲಾಕರ್ ಹಾಕಿರದಿದ್ದರೆ, ರಿಪೇರಿಗೆ ಕೊಟ್ಟ ಹಾರ್ಡ್‌ಡಿಸ್ಕನ್ನು ಬೇರೆ ಕಂಪ್ಯೂಟರಿಗೆ ಜೋಡಿಸಿ ಓದಬಹುದು. ಎಕ್ಸೆಲ್‌ನ ‘ಪ್ರೊಟೆಕ್ಟ್ ಶೀಟ್’ ಕೂಡ ತಿದ್ದದಂತೆ ತಡೆಯುತ್ತದೆಯೇ ಹೊರತು ಓದದಂತಲ್ಲ. ಕೋಟ್ಯಂತರ ಬಳಕೆದಾರರ ಪಾಸ್‌ವರ್ಡುಗಳನ್ನು ಹೀಗೆ ಯಾರಾದರೂ ಓದಬಹುದಾದ ಸರಳ ಪಠ್ಯದಲ್ಲೇ ಇಟ್ಟಿದ್ದಾಗಿ ಫೇಸ್‌ಬುಕ್ 2019ರಲ್ಲಿ ಒಪ್ಪಿಕೊಂಡಿತು. ಅದಕ್ಕೆ ಐರ್ಲೆಂಡಿನ ದತ್ತಾಂಶ ರಕ್ಷಣಾ ಆಯೋಗ 2024ರಲ್ಲಿ ವಿಧಿಸಿದ ದಂಡ 9.1 ಕೋಟಿ ಯೂರೋ.

ಪಾಸ್‌ವರ್ಡುಗಳನ್ನು ಗೂಢಲಿಪಿಯಲ್ಲಿ ಕಾಪಾಡುವ ಕೀಪಾಸ್‌ಎಕ್ಸ್‌ಸಿ ಎಂಬ ಉಚಿತ ತಂತ್ರಾಂಶ ಇಂಟರ್‌ನೆಟ್ ಇಲ್ಲದೆಯೂ ಕೆಲಸ ಮಾಡುತ್ತದೆ. ಅದರಲ್ಲಿ ಹೊಸ ಡೇಟಾಬೇಸ್ ತೆರೆದು, ಒಂದಕ್ಕೊಂದು ಸಂಬಂಧವಿಲ್ಲದ ಐದಾರು ಪದಗಳನ್ನು ಮುಖ್ಯ ಪಾಸ್‌ವರ್ಡ್ ಮಾಡಿ. ಎಕ್ಸೆಲ್ ಪಟ್ಟಿ ಇದ್ದರೆ ಸಿಎಸ್‌ವಿ ಎಂಬ ಸರಳ ಪಠ್ಯದ ಫೈಲ್ ಮಾಡಿ ಒಳಗೆ ಸೇರಿಸಬಹುದು. ಆಮೇಲೆ ಆ ಸಿಎಸ್‌ವಿಯನ್ನೂ ಅಳಿಸಬೇಕು, ಬಹಳ ಜನ ಮರೆಯುವುದು ಇದನ್ನೇ. ಸುಮ್ಮನೆ ಬಿಟ್ಟಾಗ ತಾನೇ ಲಾಕ್ ಆಗುವಂತೆ ಸೆಕ್ಯುರಿಟಿ ಸೆಟ್ಟಿಂಗ್‌ನಲ್ಲಿ ಹೊಂದಿಸಿ. ಗಿರಾಕಿಗಳು ಓಡಾಡುವ ಅಂಗಡಿಗೆ ಇದು ಬೇಕೇಬೇಕು. ಡೇಟಾಬೇಸಿನ ಒಂದು ಪ್ರತಿ ಪೆನ್‌ಡ್ರೈವ್‌ನಲ್ಲಿರಲಿ. ಮುಖ್ಯ ಪಾಸ್‌ವರ್ಡ್ ಮರೆತರೆ ಯಾರಿಂದಲೂ ತೆಗೆಯಲಾಗದು, ಹಾಗಾಗಿ ಅದನ್ನು ಕಾಗದದಲ್ಲಿ ಬರೆದು ಬೀರುವಿನಲ್ಲಿಡಿ. ಇಷ್ಟೆಲ್ಲ ಆಗದು ಎನ್ನುವವರಿಗೆ, ಬೀಗ ಹಾಕಿದ ಡ್ರಾಯರಿನ ಪುಸ್ತಕವೇ ನೋಟ್‌ಪ್ಯಾಡಿಗಿಂತ ಎಷ್ಟೋ ಮೇಲು.

ಹಳೆಯ ಫೈಲನ್ನು ಶಿಫ್ಟ್–ಡಿಲೀಟ್ ಮಾಡಿದರೂ ಒಳಗಿನ ಮಾಹಿತಿ ಡಿಸ್ಕಿನಲ್ಲಿ ಉಳಿದಿರಬಹುದು, ರಿಕವರಿ ತಂತ್ರಾಂಶದಿಂದ ಮರಳಿ ಬರಬಹುದು. ಒನ್‌ಡ್ರೈವ್, ವಾಟ್ಸ್ಆ್ಯಪ್‌ಗಳಲ್ಲಿ ಪ್ರತಿಗಳಿದ್ದರಂತೂ ಅಳಿಸಿ ಪ್ರಯೋಜನವೇ ಇಲ್ಲ. ಆದ್ದರಿಂದ ಆ ಫೈಲಿನಲ್ಲಿದ್ದ ಪಾಸ್‌ವರ್ಡುಗಳನ್ನೆಲ್ಲ, ಗಿರಾಕಿಗಳಿಗೆ ತಿಳಿಸಿ, ಬದಲಿಸಲೇಬೇಕು. ಮೊದಲು ಇಮೇಲ್‌ನದು, ಏಕೆಂದರೆ ಉಳಿದ ಖಾತೆಗಳ ರೀಸೆಟ್ ಲಿಂಕ್ ಬರುವುದು ಅಲ್ಲಿಗೇ. ಆಮೇಲೆ ಬ್ಯಾಂಕು, ತೆರಿಗೆ, ಕೊನೆಗೆ ಉಳಿದವು.

– ಕಂಪ್ಯೂಟರ್ ತರಬೇತುದಾರ, ಹಾಸನ