ಆಸ್ಕರ್ ಆಮೇಲೆ ಬರಲಿ

ಪ್ರಿಯ ಗೆಳೆಯ,

ಸ್ವೀಡನ್ನಿನ ಸಿನಿಮಾ ಛಾಯಾಗ್ರಾಹಕ ಸ್ವೆನ್ ನಿಕ್ವಿಸ್ಟ್ ಬಗ್ಗೆ ನೀನು ಬರೆದ ಲೇಖನ ಓದಿದೆ. ಒಳ್ಳೆಯ ವಿಷಯ ಹಿಡಿದಿದ್ದೀಯ. ಕ್ಯಾಮೆರಾ ಹಿಂದೆ ನಿಂತವರ ಬಗ್ಗೆ ಕೂತು ಬರೆಯುವವರು ನಮ್ಮಲ್ಲಿ ಕಡಿಮೆ. ಅದಕ್ಕೇ ನಿನಗೆ ಸ್ವಲ್ಪ ಜಾಸ್ತಿ ಕಾಟ ಕೊಡೋಣ ಅಂತಿದ್ದೇನೆ. ಬೇಜಾರು ಮಾಡ್ಕೋಬೇಡ.

ಲೇಖನ ಎರಡು ಆಸ್ಕರ್‌ಗಳಿಂದ ಶುರುವಾಗುತ್ತದೆ. ‘ಕ್ರೈಸ್ ಆ್ಯಂಡ್ ವಿಸ್ಪರ್ಸ್’ಗೆ ಒಂದು, ‘ಫ್ಯಾನಿ ಆ್ಯಂಡ್ ಅಲೆಕ್ಸಾಂಡರ್’ಗೆ ಇನ್ನೊಂದು. ಸರಿ. ಆದರೆ ಪ್ರಶಸ್ತಿಯ ಹೆಸರು ಕಂಡ ಕೂಡಲೇ ಓದುಗ ‘ಓಹೋ, ದೊಡ್ಡ ಮನುಷ್ಯ’ ಅಂದುಕೊಂಡು ಮುಂದೆ ಹೋಗಿಬಿಡುತ್ತಾನೆ. ಆ ದೊಡ್ಡ ಮನುಷ್ಯ ಮಾಡಿದ್ದೇನು ಅಂತ ಕೇಳುವ ಗೋಜಿಗೇ ಹೋಗುವುದಿಲ್ಲ. ಹೊಗಳಿಕೆ ತೆಗೆ, ಕೆಲಸ ತೋರಿಸು. ನಾನು ಹೇಳಬೇಕಾದ್ದು ಇಷ್ಟೇ.

‘ವಿಂಟರ್ ಲೈಟ್’ ತಗೋ. 1963ರ ಸಿನಿಮಾ. ನೀನು ಅದನ್ನು ಒಂದು ಸಾಲಿನಲ್ಲಿ ಮುಗಿಸಿದ್ದೀಯ. ನಾನಾಗಿದ್ದರೆ ಅರ್ಧ ಲೇಖನ ಅಲ್ಲೇ ಬಿಡಾರ ಹೂಡುತ್ತಿದ್ದೆ. ನವೆಂಬರ್‌ನ ಒಂದು ಭಾನುವಾರ, ಕೆಲವೇ ಗಂಟೆಗಳ ಕಥೆ. ಹೆಚ್ಚಿನದೆಲ್ಲ ನಡೆಯುವುದು ಹಳ್ಳಿಯ ಚರ್ಚಿನಲ್ಲಿ. ಸ್ವೀಡನ್ನಿನ ಚಳಿಗಾಲ, ಮೋಡ ಕವಿದ ದಿನ, ಸೂರ್ಯನ ಪತ್ತೆಯೇ ಇಲ್ಲ. ಶೂಟಿಂಗ್‌ಗೆ ಮೊದಲು ನಿರ್ದೇಶಕ ಬರ್ಗ್‌ಮನ್ ಮತ್ತು ನಿಕ್ವಿಸ್ಟ್ ಒಂದು ಚರ್ಚಿಗೆ ಹೋಗಿ ಬೆಳಿಗ್ಗೆ 11ರಿಂದ ಮಧ್ಯಾಹ್ನ 2ರವರೆಗೆ ಸುಮ್ನೆ ಕೂತರು. ಐದೈದು ನಿಮಿಷಕ್ಕೊಮ್ಮೆ ನಿಕ್ವಿಸ್ಟ್ ಫೋಟೊ ತೆಗೆದರು. ಅಂಥ ದಿನ ಒಳಗೆ ನೆರಳೇ ಬೀಳುವುದಿಲ್ಲ. ಹಾಗಂತ ಬೆಳಕು ಒಂದೇ ಥರ ಇರುವುದೂ ಇಲ್ಲ. ಈ ಎರಡು ಸಂಗತಿಗಳೂ ಫೋಟೊಗಳಲ್ಲಿ ದಾಖಲಾದವು.

ಆಮೇಲೆ ಸ್ಟುಡಿಯೊದಲ್ಲಿ ಚರ್ಚಿನ ಸೆಟ್ ಹಾಕಿಸಿದರು. ಸಾಮಾನ್ಯವಾಗಿ ಸೆಟ್‌ಗೆ ಚಾವಣಿ ಇರುವುದಿಲ್ಲ, ಲೈಟು ಕಟ್ಟಬೇಕಲ್ಲ. ಇವರು ಚಾವಣಿ ಸಮೇತ ಕಟ್ಟಿಸಿದರು. ಮೇಲೆ ಲೈಟು ತೂಗುಹಾಕೋಣ ಅನ್ನುವ ಆಸೆಯೇ ಹುಟ್ಟಬಾರದು ಅಂತ! ಲೈಟನ್ನು ಮುಖಕ್ಕೆ ನೇರವಾಗಿ ಬಿಡದೆ ಬೇರೆ ಕಡೆ ಹಾಯಿಸಿ, ವಾಪಸ್ ಬಂದ ಮೆತ್ತಗಿನ ಬೆಳಕಿನಲ್ಲೇ ಚಿತ್ರೀಕರಿಸಿದರು. ಇಂಥ ಬೆಳಕನ್ನು ನಿಕ್ವಿಸ್ಟರೇ ಮೊದಲು ಕಂಡುಹಿಡಿದರು ಅಂತ ಬರೆದಿದ್ದೀಯ, ಆ ಸಾಲು ಹೊಡೆದುಹಾಕು. ಸತ್ಯಜಿತ್ ರಾಯ್ ಅವರ 1956ರ ‘ಅಪರಾಜಿತೊ’ಗೆ ಬನಾರಸ್ ಮನೆಯ ಅಂಗಳವನ್ನು ಸ್ಟುಡಿಯೊದಲ್ಲಿ ಕಟ್ಟಿದಾಗ, ಛಾಯಾಗ್ರಾಹಕ ಸುಬ್ರತ ಮಿತ್ರ ಅಂಗಳದ ಮೇಲ್ಗಡೆ ಬಿಳಿ ಬಟ್ಟೆ ಹರಡಿಸಿ ಕೆಳಗಿನಿಂದ ಅದಕ್ಕೆ ಲೈಟು ಹಾಯಿಸಿದ್ದರು. ಒಬ್ಬರನ್ನು ಮೇಲೆತ್ತಲು ಇನ್ನೊಬ್ಬರನ್ನು ಮರೆಯುವುದು ಬೇಡ.

ಇನ್ನೊಂದು ತಪ್ಪು. ಬರ್ಗ್‌ಮನ್ ಅವರ ‘ದಿ ಸೆವೆಂತ್ ಸೀಲ್’ ಅನ್ನೂ ನಿಕ್ವಿಸ್ಟ್ ಲೆಕ್ಕಕ್ಕೆ ಸೇರಿಸಿದ್ದೀಯ. ಅದು ಇನ್ನೊಬ್ಬ ಛಾಯಾಗ್ರಾಹಕ ಗುನ್ನಾರ್ ಫಿಶರ್ ಅವರ ಕೆಲಸ. ಈ ತಪ್ಪು ಯಾಕಾಯಿತು ಗೊತ್ತಾ? ನೀನು 1941ರಿಂದ ಸೀದಾ ಬರ್ಗ್‌ಮನ್ ಅವರ ‘ದಿ ವರ್ಜಿನ್ ಸ್ಪ್ರಿಂಗ್’ ಬಂದ 1960ಕ್ಕೆ ಹಾರಿದ್ದೀಯ. ನಡುವಿನ ವರ್ಷಗಳಲ್ಲೇ ಕಥೆ ಇರುವುದು. 1941ರಲ್ಲಿ ಸ್ಯಾಂಡ್ರ್ಯೂಸ್ ಸ್ಟುಡಿಯೊದಲ್ಲಿ ಸಹಾಯಕ. ನಂತರ ಸ್ವಲ್ಪ ಕಾಲ ರೋಮ್‌ನ ಚಿನೆಚಿತ್ತಾ ಸ್ಟುಡಿಯೊದಲ್ಲಿ. 1945ರಲ್ಲಿ ಸ್ವತಂತ್ರವಾಗಿ ಮೊದಲ ಸಿನಿಮಾ. ಆಮೇಲೆ ಬಂದದ್ದನ್ನೆಲ್ಲ ಮಾಡುತ್ತಾ ಹೋದರು. ಆಫ್ರಿಕಾಕ್ಕೆ ಹೋಗಿ ಸಾಕ್ಷ್ಯಚಿತ್ರವನ್ನೂ ತೆಗೆದರು. ಬರ್ಗ್‌ಮನ್ ಜೊತೆ ಮೊದಲು ದುಡಿದದ್ದು 1953ರ ‘ಸಾಡಸ್ಟ್ ಆ್ಯಂಡ್ ಟಿನ್ಸೆಲ್’ನಲ್ಲಿ, ಅದೂ ಬೇರೆ ಛಾಯಾಗ್ರಾಹಕರ ಜೊತೆ ಹಂಚಿಕೊಂಡು. ಅದಾದ ಮೇಲೂ ಏಳು ವರ್ಷ ಕಾಯಬೇಕಾಯಿತು. ಇಪ್ಪತ್ತೈದು ತುಂಬುವ ಮೊದಲೇ ಹೆಸರಾಗಬೇಕು ಅಂತ ಪತ್ರದಲ್ಲಿ ಒದ್ದಾಡಿದ್ದೀಯಲ್ಲ, ನೀನು ಓದಬೇಕಾದ ಭಾಗವನ್ನೇ ಬಿಟ್ಟಿದ್ದೀಯ.

ಬಾಲ್ಯದ ಪ್ಯಾರಾ ನನಗೆ ಒಪ್ಪಿಗೆಯಾಗಲಿಲ್ಲ. ಅಪ್ಪ ಅಮ್ಮ ಕಾಂಗೋದಲ್ಲಿ ಮಿಷನರಿಗಳು, ಹುಡುಗ ಸ್ವೀಡನ್ನಿನಲ್ಲಿ ಬಂಧುಗಳ ಮನೆಯಲ್ಲಿ. ನಿಜ. ‘ಆ ಒಂಟಿತನವೇ ಅವರನ್ನು ಬೆಳಕಿನ ಕಡೆ ನಡೆಸಿತು’ ಅಂತ ಸೇರಿಸಿದ್ದೀಯ. ನಿನಗೆ ಯಾರು ಹೇಳಿದರು? ಅಪ್ಪನಿಗೆ ಕಾಡುಪ್ರಾಣಿಗಳ ಫೋಟೊ ತೆಗೆಯುವ ಹವ್ಯಾಸವಿತ್ತು ಅನ್ನುವುದನ್ನು ಬರೆ, ಸಾಕು. ಕಾರಣ ಜೋಡಿಸುವ ಕೆಲಸ ಓದುಗನಿಗೆ ಬಿಡು.

‘ದಿ ಸ್ಯಾಕ್ರಿಫೈಸ್’ ಸಿನಿಮಾದ ಭಾಗ ಮಾತ್ರ ಚೆನ್ನಾಗಿದೆ, ಇನ್ನಷ್ಟು ಹತ್ತಿರದಿಂದ ತೋರಿಸು. ಗಾಟ್‌ಲ್ಯಾಂಡ್ ದ್ವೀಪ. ಇಡೀ ಮನೆ ಸುಟ್ಟು ಬೀಳುವ ದೃಶ್ಯವನ್ನು ನಿರ್ದೇಶಕ ತಾರ್ಕೊವ್‌ಸ್ಕಿ ಒಂದೇ ಉದ್ದ ಶಾಟ್‌ನಲ್ಲಿ ಹಿಡಿಯಬೇಕೆಂದಿದ್ದರು. ಒಂದೇ ಕ್ಯಾಮೆರಾ ಸಾಲದು ಅಂತ ನಿಕ್ವಿಸ್ಟ್ ಹೇಳಿದರೂ ಕೇಳಲಿಲ್ಲ. ಬೆಂಕಿ ಹತ್ತಿತು, ಕ್ಯಾಮೆರಾ ಜಾಮ್ ಆಯಿತು, ಮನೆ ಬೂದಿಯಾಯಿತು. ಮತ್ತೆ ಅದೇ ಥರದ ಮನೆ ಕಟ್ಟಿ ಮತ್ತೆ ಸುಟ್ಟರು. ಈ ಸಲ ಎರಡು ಕ್ಯಾಮೆರಾ. ‘ವಿಧಿಯ ಆಟ’ ಅಂತ ನೀನು ಸೇರಿಸಿದ ಸಾಲು ಇಲ್ಲಿ ಮಜ್ಜಿಗೆಗೆ ಸಕ್ಕರೆ ಹಾಕಿದ ಹಾಗಿದೆ. ತೆಗೆ.

ಕೊನೆಯ ವರ್ಷಗಳನ್ನು ಎರಡು ಸಾಲಿಗೆ ಇಳಿಸಿಬಿಡು. 1998ರಲ್ಲಿ ಮಾತು ಕಸಿಯುವ ಅಫೇಸಿಯಾ ಪತ್ತೆಯಾಗಿ ಕೆಲಸ ನಿಂತಿತು, 2006ರಲ್ಲಿ ತೀರಿಕೊಂಡರು. ವಿಶೇಷಣ ಬೇಡವೇ ಬೇಡ.

ಆ ಜಾಗ ಉಳಿಸಿ ‘ಸಿದ್ಧಾರ್ಥ’ಕ್ಕೆ ಕೊಡು. ನಿಕ್ವಿಸ್ಟ್ ನಮ್ಮ ದೇಶಕ್ಕೇ ಬಂದು ಋಷಿಕೇಶ, ಭರತ್‌ಪುರದ ಕಡೆ ಶಶಿ ಕಪೂರ್ ಅವರನ್ನು ಚಿತ್ರೀಕರಿಸಿದ ಸಿನಿಮಾ ಅದು. ಅದರ ಹೆಸರೇ ನಿನ್ನ ಲೇಖನದಲ್ಲಿಲ್ಲ! ಅದು ಬಂದದ್ದು 1972ರಲ್ಲಿ, ‘ಕ್ರೈಸ್ ಆ್ಯಂಡ್ ವಿಸ್ಪರ್ಸ್’ ಬಂದ ವರ್ಷವೇ. ಒಂದು ಕಡೆ ಗಂಗೆಯ ದಡದ ಬಿಸಿಲು, ಇನ್ನೊಂದು ಕಡೆ ಸ್ವೀಡನ್ನಿನ ಹಳೇ ಬಂಗಲೆಯ ಕೆಂಪು ಗೋಡೆಗಳು. ಎರಡನ್ನೂ ಒಂದೇ ವಾರದಲ್ಲಿ ನೋಡು, ನೋಡುತ್ತಾ ಟಿಪ್ಪಣಿ ಮಾಡಿಕೋ. ಬೆಳಕು ಯಾವ ಕಡೆಯಿಂದ ಬರುತ್ತಿದೆ, ಮುಖದ ಎಷ್ಟು ಭಾಗ ಕತ್ತಲಲ್ಲಿದೆ, ಕಣ್ಣು ಕಾಣುತ್ತಿದೆಯಾ ಅಂತ ಬರಿ. ಆ ಟಿಪ್ಪಣಿಯನ್ನು ತಿದ್ದದೆ ಹಾಗೇ ನನಗೆ ಕಳಿಸು. ಲೇಖನದ ಹೊಸ ಪ್ರತಿ ಆಮೇಲೆ ನೋಡೋಣ.

ನಿನ್ನ ಹಿರಿಯ ಗೆಳೆಯ